ಅಡುಗೆಮನೆಯ ಎದುರುಪಾತ್ರ

"ನೀನು ನನ್ನ ಮಗನೇ ಅಲ್ಲ. ಈ ಕ್ಷಣವೇ ಮನೆ ಬಿಟ್ಟು ಹೊರಡು," ಎಂದಳು ಟೈಲರಮ್ಮ, ಆಲೂಗಡ್ಡೆಯ ಸಿಪ್ಪೆ ಹೆರೆಯುತ್ತ. ಮಾತಿನಲ್ಲಿ ಕೋಪವೂ ಇಲ್ಲ, ಸಂಕಟವೂ ಇಲ್ಲ. ಬಸ್‌ಸ್ಟ್ಯಾಂಡಿನಲ್ಲಿ ಬಸ್ಸು ಹೊರಡುವ ವೇಳೆ ಹೇಳುವ ಮೈಕಿನ ದನಿಯೇ ಸರಿ.

"ಹೊರಡ್ತೀನಪ್ಪಾ, ಹೊರಡ್ತೀನಿ!" ಅವಳ ಗಂಡ ಗೋಡೆಗೆ ಗುದ್ದಿದ. ಕಣ್ಣಲ್ಲಿ ನಿಜವಾದ ನೀರು. "ಆದ್ರೆ ಹೊರಡೋ ಮುಂಚೆ ಒಂದು ಮಾತು ಹೇಳಿಯೇ ಹೊರಡ್ತೀನಿ!"

"ನಿನ್ನ ಮಾತು ಕೇಳಿ ಕೇಳಿ ನನ್ನ ಕಿವಿ ಸತ್ತಿದೆ. ಆ ಉಪ್ಪಿನ ಡಬ್ಬ ಈ ಕಡೆ ಕೊಡಿ."

"ಉಪ್ಪಿನ ಡಬ್ಬ ಸ್ಕ್ರಿಪ್ಟಲ್ಲಿಲ್ಲ ಕಣೇ."

"ಒಲೆ ಮೇಲಿದೆಯಲ್ಲ, ಅದಕ್ಕೆ ಬೇಕು. ಕೊಡಿ, ಆಮೇಲೆ ಅಳುವಿರಂತೆ."

ಆ ಮನೆಯಲ್ಲಿ ಸಂಜೆಯ ಅಡುಗೆ ಆಗುತ್ತಿದ್ದದ್ದೇ ಹೀಗೆ. ಗಂಡ ನಾಟಕದವನು. ಕಣ್ಣಲ್ಲಿ ಓದಿದ್ದು ಅವನ ತಲೆಗೆ ಹತ್ತುತ್ತಿರಲಿಲ್ಲ. ಎದುರುಪಾತ್ರದ ಮಾತನ್ನು ಯಾರಾದರೂ ಗಟ್ಟಿಯಾಗಿ ಹೇಳುತ್ತ ಹೋದರೆ ಮಾತ್ರ ಅವನ ಮಾತು ಅವನಿಗೆ ಬಾಯಿಗೆ ಬರುತ್ತಿತ್ತು. ಮದುವೆಯಾದ ಹೊಸದರಲ್ಲಿ, ಹೆಂಡತಿ ಒಲೆ ಬಿಟ್ಟು ಬರಲಾಗದೆಂದು ಅವನೇ ಸ್ಕ್ರಿಪ್ಟು ಹಿಡಿದು ಅಡುಗೆಮನೆಗೆ ಬಂದ. ಅಂದು ಸಕ್ಕರೆ ಡಬ್ಬಕ್ಕೆ ಒರಗಿಸಿಟ್ಟ ಹಾಳೆ ಇಂದಿಗೂ ಅಲ್ಲೇ ಇದೆ. ಹಾಳೆ ಎಷ್ಟೋ ಸಲ ಬದಲಾಗಿದೆ, ಡಬ್ಬ ಮಾತ್ರ ಅದೇ.

ಇದಕ್ಕೊಂದು ಕಟ್ಟಪ್ಪಣೆಯಿತ್ತು. ಅವಳು ಭಾವ ಹಾಕಬಾರದು. ಮೊದಮೊದಲು ಅವಳಿಗೂ ಹುರುಪು. ಸಾಯುವ ತಾಯಿಯ ಮಾತನ್ನು ಗದ್ಗದಿಸಿ ಓದಿದಾಗ ಅವನು ಎರಡೂ ಕೈ ಮುಗಿದಿದ್ದ. "ಬೇಡ, ಬೇಡ. ನೀನು ಅತ್ರೆ ನಾನು ನಿನ್ನ ಅಳುವಿಗೆ ಉತ್ತರ ಕೊಡ್ತೀನಿ. ನಾಳೆ ಸ್ಟೇಜ್ ಮೇಲೆ ಇರೋದು ನೀನಲ್ಲವಲ್ಲ. ಸುಮ್ನೆ ಓದು. ಗೋಡೆ ಮಾತಾಡಿದ ಹಾಗೆ." ಅವಳು ಗೋಡೆಯಾದಳು. ತಂದೆ, ಪ್ರೇಯಸಿ, ಪೊಲೀಸು, ನ್ಯಾಯಾಧೀಶ, ಎಲ್ಲರೂ ಅವಳ ಬಾಯಲ್ಲಿ ಒಂದೇ ದನಿಯಲ್ಲಿ ಬಂದು ಹೋದರು. ಅಲ್ಲಿ ಹೇಳಿದ ಮಾತಿಗೆ ಮನೆಯಲ್ಲಿ ಯಾರೂ ತಲೆ ಕೆಡಿಸಿಕೊಳ್ಳುತ್ತಿರಲಿಲ್ಲ. ತೊಟ್ಟಿಲ ಕೂಸಾಗಿದ್ದಾಗಲೇ ಮಗಳು 'ಕೊಂದುಬಿಡ್ತೀನಿ' ಎಂಬ ಕೂಗಿಗೆ ಹಾಯಾಗಿ ನಿದ್ದೆ ಹೋಗುತ್ತಿದ್ದಳು. ಮನೆ ಶಾಂತವಾದರೆ ಎಚ್ಚರವಾಗಿ ಅಳುತ್ತಿದ್ದಳು.

ಅವನು ಪಾತ್ರವನ್ನು ಅಡುಗೆಮನೆಯಲ್ಲೇ ಬಿಟ್ಟು ಏಳುವವನೂ ಅಲ್ಲ. ಕುರುಡನ ಪಾತ್ರವಿದ್ದಾಗ ಮನೆಯ ಕಪ್ಪುಗಳೆಲ್ಲ ಒಡೆದವು. ಬ್ಯಾಂಕಿನ ಮ್ಯಾನೇಜರ್ ಆದಾಗ ಸೋಪು ಯಾಕೆ ಇಷ್ಟು ಬೇಗ ಕರಗಿತೆಂದು ವಿಚಾರಣೆ ನಡೆಸಿದ. ಅತ್ತೆಗೆ ಮಂಡಿನೋವು. ಅಡುಗೆಮನೆಯ ಬಾಗಿಲ ಬಳಿ ಸ್ಟೂಲು ಹಾಕಿಕೊಂಡು ಬಟಾಣಿ ಸುಲಿಯುವುದು ಅವರ ಪಾಲಿನ ಕೆಲಸ, ನಾಲಿಗೆಗೆ ಮಾತ್ರ ಯಾವ ನೋವೂ ಇರಲಿಲ್ಲ.

"ಇವತ್ತು ಊಟಕ್ಕೆ ಯಾರು ಬರ್ತಿದ್ದಾರೆ?" ಎಂದು ದಿನಾ ಸೊಸೆಯನ್ನು ಕೇಳುವರು. "ಕಳ್ಳನೋ, ಡಾಕ್ಟರೋ? ಕಳ್ಳನಾದ್ರೆ ಪರವಾಗಿಲ್ಲ, ಇದ್ದದ್ದು ತಿಂದು ಏಳ್ತಾನೆ. ನಾನು ಹೆತ್ತಿದ್ದು ಒಬ್ಬನ್ನೇ ಕಣೇ, ಸಾಕಿದ್ದು ಒಂದು ಊರಿಗಾಗುವಷ್ಟು ಜನಾನ."

ಊರಿಗಾಗುವಷ್ಟು ಜನರ ಹೊಟ್ಟೆ ತುಂಬಿಸಿದ್ದು ಮಾತ್ರ ನಾಟಕವಲ್ಲ, ಬೀದಿಗೆ ತೆರೆದಿದ್ದ ಮುಂದಿನ ಕೋಣೆ. ಅದು ಟೈಲರಮ್ಮನ ಅಂಗಡಿ. ಬಾಡಿಗೆ ಮನೆಯೇ, ಆದರೆ ಆ ಕೋಣೆಯ ದೊಡ್ಡ ಕಿಟಕಿಯಲ್ಲಿ ಬೆಳಗಿನ ಬೆಳಕು ನೇರವಾಗಿ ಬಟ್ಟೆ ಕತ್ತರಿಸುವ ಟೇಬಲ್ಲಿನ ಮೇಲೆ ಬೀಳುತ್ತಿತ್ತು. ಕಪ್ಪು ದಾರಕ್ಕೂ ಗಾಢ ನೀಲಿ ದಾರಕ್ಕೂ ವ್ಯತ್ಯಾಸ ತೋರಿಸುವ ಬೆಳಕು ಎಲ್ಲ ಮನೆಗಳಲ್ಲೂ ಸಿಕ್ಕುವುದಿಲ್ಲ. ಆ ಟೇಬಲ್ಲನ್ನು ಬಡಗಿ ಕೋಣೆಯೊಳಗೇ ಕೂತು ಮಾಡಿದ್ದ. ನಾಲ್ಕು ಜನ ಹಿಡಿದರೂ ಅದು ಬಾಗಿಲು ದಾಟುವ ಮಾತಿಲ್ಲ. ಶಾಲೆಯ ಸಮವಸ್ತ್ರ, ಆಸ್ಪತ್ರೆಯ ನರ್ಸುಗಳ ಕೋಟು, ಸೊಂಟ ಬಿಗಿಯಾದವರ ಪ್ಯಾಂಟು, ಎಲ್ಲವೂ ಅದರ ಮೇಲೇ ಆಗಬೇಕು. ಗಂಡ ತಂಡ ಕಟ್ಟಿಕೊಂಡು ಊರೂರು ಸುತ್ತಿ ಬರಿಗೈಯಲ್ಲಿ ಬಂದ ವರ್ಷಗಳೆಲ್ಲ ಆ ಟೇಬಲ್ಲಿನ ಮೇಲೆಯೇ ದಾಟಿದವು. ಅದನ್ನು ಅವಳು ಯಾರ ಮುಂದೆಯೂ ಎತ್ತಿ ಆಡಿದವಳಲ್ಲ.

ಆಮೇಲೆ ಸಿನಿಮಾ ಬಂತು. ತಲೆಯಲ್ಲಿ ನರೆ ಕಾಣಿಸಿಕೊಂಡ ಮೇಲೆ ಬಂತು. ಮೊದಲು ಲಿಫ್ಟ್ ನಡೆಸುವವನ ಪಾತ್ರ, ಮೇಲೆ ಕೆಳಗೆ ಹೋಗುತ್ತ ಬರುತ್ತ ಎರಡು ಮಾತು. ಆ ಎರಡು ಮಾತಿಗೆ ಜನ ನಕ್ಕರು, ಇನ್ನೊಂದು ಸಿನಿಮಾದಲ್ಲಿ ಜೈಲರ್ ಆದಾಗ ಅದೇ ಜನ ಹೆದರಿದರು. ಮೂರನೆಯದರಲ್ಲಿ ಮುದುಕಿಯ ವೇಷ ಹಾಕಿದಾಗ ಅವನೇ ಎಂದು ಬಹಳ ಜನಕ್ಕೆ ಗೊತ್ತೇ ಆಗಲಿಲ್ಲ. ಪೇಪರಿನವರು ಹೊಗಳಿದ್ದೇ ಹೊಗಳಿದ್ದು. ಬೆಳಕು ಹರಿಯುವ ಮೊದಲೇ ಬಾಗಿಲಿಗೆ ಕಾರು ಬರತೊಡಗಿತು.

ಮನೆಯಲ್ಲಿ ಏನಾಯಿತೆಂದರೆ, ಕೆಲಸ ಜಾಸ್ತಿಯಾಯಿತು. ಮಾತಾಡಿಸಲು ಬಂದವರಿಗೆಲ್ಲ ಟೀ ಆಗಬೇಕು. ಅಂಗಡಿಗೆ ಬಂದವರು ಅಳತೆ ಕೊಡದೆ ಒಳಗೆ ಇಣುಕುತ್ತಿದ್ದರು. "ಸಾರ್ ಇದ್ದಾರಾ?" ಎಂದು ಕೇಳುತ್ತ ಒಬ್ಬಾಕೆ ಪ್ಯಾಂಟಿನ ತುದಿ ಮಡಿಸಿಕೊಡಿ ಎಂಬ ನೆಪ ಮಾಡಿಕೊಂಡು ಒಂದೇ ಪ್ಯಾಂಟನ್ನು ಮೂರು ಸಲ ತಂದಳು. ಮೂರನೆಯ ಸಲ ಟೈಲರಮ್ಮ, "ಇನ್ನು ಮಡಿಸಿದ್ರೆ ಇದು ಚಡ್ಡಿ ಆಗುತ್ತೆ ತಾಯಿ," ಎಂದು ವಾಪಸ್ಸು ಕೊಟ್ಟಳು.

ಸಿನಿಮಾ ಕೆಲಸವೆಲ್ಲ ನಡೆಯುತ್ತಿದ್ದದ್ದು ದೂರದ ದೊಡ್ಡ ಊರಿನಲ್ಲಿ. ಅವನು ಕಾರಿನಲ್ಲಿ ಕೂತು ಬೆನ್ನು ಹಿಡಿದುಕೊಂಡು ಬರುತ್ತಿದ್ದ. ಬಂದವನೇ ಮುಖ ತೊಳೆದು ಅಡುಗೆಮನೆಗೆ. "ಓದು," ಎನ್ನುವನು. ಅವಳಿಗೆ ಶಾಲೆ ಶುರುವಾಗುವ ಮೊದಲಿನ ಸುಗ್ಗಿ. ಕಾಲುಗಳು ಮಿಷನ್ ತುಳಿದು ಮರಗಟ್ಟಿರುತ್ತಿದ್ದವು. ಆದರೂ ಓದುತ್ತಿದ್ದಳು. ಬೇಡ ಅನ್ನುವುದು ಅವಳಿಗೆ ಹೊಳೆಯುತ್ತಲೂ ಇರಲಿಲ್ಲ.

ಎಡವಟ್ಟಾದದ್ದು ಗಡಿಯಾರದವನಿಂದ. ಮೊದಲ ಬಾರಿಗೆ ಸಿನಿಮಾದ ಮುಖ್ಯ ಪಾತ್ರವೇ ಅವನಿಗೆ ಬಂದಿತ್ತು. ಗಡಿಯಾರ ರಿಪೇರಿ ಮಾಡುವ ಒಬ್ಬ ಗಂಡ, ಅವನ ಹೆಂಡತಿ, ಪುಟಗಟ್ಟಲೆ ಜಗಳ. ಆ ಸಂಜೆ ಒಲೆಯ ಮೇಲೆ ಹಾಲಿತ್ತು, ಮುಂದಿನ ಕೋಣೆಯಲ್ಲಿ ಗುಂಡಿ ಹಾಕಬೇಕಾದ ಅಂಗಿಗಳ ರಾಶಿ ಇತ್ತು. ಜಗಳದ ನಡುವೆ ಗಂಡ ಯಾಕೋ ಸುಮ್ಮನಾದ. ಹಿಟ್ಟಿನ ಡ್ರಮ್ಮಿನ ಮೇಲೆ ಕೂತ. ದನಿ ತಗ್ಗಿಸಿ ಮೆಲ್ಲಗೆ ಶುರುಮಾಡಿದ.

"ನೋಡು, ಈ ಮನೆ ಇನ್ನು ಸಾಕು. ಅಲ್ಲೇ ಒಂದು ಮನೆ ಕೊಡ್ತಾರಂತೆ. ನಾವೆಲ್ಲ ಹೋಗಿಬಿಡೋಣ. ಇಷ್ಟು ವರ್ಷ ನೀನು ಕೈ ಸವೆಸಿದ್ದು ಸಾಕು."

ಟೈಲರಮ್ಮ ಹಾಳೆಯ ಮೇಲೆ ಬೆರಳಾಡಿಸಿದಳು. ಆ ಮಾತು ಅಲ್ಲಿರಲಿಲ್ಲ. ಮುಂದಿನ ಹಾಳೆಯಲ್ಲೂ ಇರಲಿಲ್ಲ. ಸಿನಿಮಾದವರು ಬೆಳಗ್ಗೆ ಬರೆದದ್ದನ್ನು ಮಧ್ಯಾಹ್ನ ಹೊಡೆದು ಹಾಕುವವರು, ಹೊಸದಾಗಿ ಸೇರಿಸಿರಬೇಕು ಎಂದುಕೊಂಡಳು. ಗಡಿಯಾರದವನ ಹೆಂಡತಿ ಇದಕ್ಕೇನು ಹೇಳಿಯಾಳು? ಹಾಲು ಬೇರೆ ಏರುತ್ತಿತ್ತು.

"ಆಗಲಿ. ನಿಮ್ಮ ಇಷ್ಟವೇ ನನ್ನ ಇಷ್ಟ," ಎಂದಳು ಗೋಡೆಯ ದನಿಯಲ್ಲಿ.

"ಇಷ್ಟು ಬೇಗ ಒಪ್ತೀಯ ಅಂದ್ಕೊಂಡಿರಲಿಲ್ಲ."

"ಒಪ್ಪದೆ ಏನು ಮಾಡಲಿ?"

ಅಷ್ಟರಲ್ಲಿ ಹಾಲು ಉಕ್ಕಿ ಒಲೆ ಆರಿತು. ಅವಳು ಬಟ್ಟೆ ಹುಡುಕುತ್ತಿದ್ದರೆ ಅವನು ಅವಳ ಭುಜವನ್ನೊಮ್ಮೆ ಹಿಡಿದು, ಬಿಟ್ಟು, ಹೊರಗೆ ಹೋದ. ಬಟಾಣಿಯ ಬುಟ್ಟಿಯ ಮೇಲಿಂದ ಅತ್ತೆ ತಲೆಯೆತ್ತಿದರು. "ಕೊನೇ ಮಾತು ಚೆನ್ನಾಗಿತ್ತು ಕಣೇ. ಆದ್ರೂ ಆ ಹೆಂಡ್ತಿ ಅಷ್ಟು ಸುಲಭಕ್ಕೆ ಒಪ್ಪಬಾರದಿತ್ತು."

"ಸಿನಿಮಾ ಅಲ್ವಾ ಅತ್ತೆ, ಬೇಗ ಮುಗೀಬೇಕು," ಎಂದಳು ಟೈಲರಮ್ಮ, ಒಲೆ ಒರೆಸುತ್ತ.

ಮರುದಿನ ಅವನು ಶೂಟಿಂಗಿಗೆ ಹೋದ. ಹೋಗುವ ಮುಂಚೆ ಬೀದಿಯ ಕೊನೆಯಲ್ಲಿದ್ದ ಮನೆ ಓನರಿನ ಬಾಗಿಲು ತಟ್ಟಿ, ಶಾಲೆ ಶುರುವಾಗುವ ಹೊತ್ತಿಗೆ ಮನೆ ಬಿಟ್ಟುಕೊಡುತ್ತೇವೆ ಎಂದು ಹೇಳಿ ಹೋದ. ಟೈಲರಮ್ಮನಿಗೆ ಇದರ ಗಾಳಿಯೂ ಸೋಕಲಿಲ್ಲ.

ವಾರಗಳು ಸಮವಸ್ತ್ರದಲ್ಲೇ ಕಳೆದವು. ಮಗಳು ಕಾಲೇಜಿನಿಂದ ಬಂದವಳೇ ಗುಂಡಿ ಹಾಕಲು ಕೂರಬೇಕು. "ಅಪ್ಪ ಹೀರೋ, ನಾನು ಗುಂಡಿ," ಎಂದು ಗೊಣಗುತ್ತಲೇ ಹಾಕುವಳು. ರಾತ್ರಿಯೂಟಕ್ಕೆ ಬ್ರೆಡ್ಡು, ಮೊಟ್ಟೆ, ಇಲ್ಲವೆಂದರೆ ನಿನ್ನೆಯ ಅನ್ನ. ಅಡುಗೆಮನೆಯಲ್ಲಿ ಯಾರೂ ಕೂಗಾಡದಿದ್ದ ಕಾರಣ ಅತ್ತೆಗೆ ಹೊತ್ತು ಹೋಗದಾಯಿತು.

ಒಂದು ಬೆಳಗ್ಗೆ ಮನೆ ಓನರು ಬಂದ. ಜೊತೆಗೆ ಕನ್ನಡಕದ ಒಬ್ಬ ಯುವಕ, ಒಬ್ಬ ಬಡಗಿ. ಬಹಳ ದಿನದಿಂದ ಸೋರುತ್ತಿದ್ದ ಮೂಲೆಯನ್ನು ಕೊನೆಗೂ ಸರಿಮಾಡಿಸುತ್ತಾನೆ ಎಂದು ಟೈಲರಮ್ಮನಿಗೆ ಖುಷಿಯಾಯಿತು. ಬಡಗಿ ಜೇಬು ತಡಕಿ, "ಅಮ್ಮಾ, ಟೇಪ್ ಮರೆತು ಬಂದೆ, ನಿಮ್ಮದು ಕೊಡ್ತೀರಾ?" ಎಂದ. ಅವಳು ಕುತ್ತಿಗೆಗೆ ಹಾಕಿಕೊಂಡಿದ್ದ ಟೇಪನ್ನು ತೆಗೆದುಕೊಟ್ಟಳು. ಮೂವರಿಗೂ ಟೀ ಮಾಡಿ ತಂದಳು. ಅವರು ಕಿಟಕಿ ಅಳೆದರು, ಗೋಡೆ ಅಳೆದರು, ಟೇಬಲ್ಲನ್ನೂ ಅಳೆದರು.

"ಈ ಟೇಬಲ್ ತೆಗೀಬೇಕು," ಎಂದ ಯುವಕ. "ಕುರ್ಚಿ ಇಲ್ಲೇ ಬರಬೇಕು, ಬೆಳಕು ನೇರವಾಗಿ ಬಾಯಿಗೆ ಬೀಳುತ್ತೆ."

"ಯಾವ ಕುರ್ಚಿ?" ಎಂದಳು ಟೈಲರಮ್ಮ.

"ಹಲ್ಲಿನ ಕುರ್ಚಿ ಅಮ್ಮ. ನಾನು ಡೆಂಟಿಸ್ಟು. ನೀವು ಖಾಲಿ ಮಾಡಿದ ಮೇಲೆ ಇಲ್ಲೇ ಕ್ಲಿನಿಕ್."

ಬಡಗಿ ಟೇಬಲ್ಲಿನ ಕಾಲು ತಟ್ಟಿ ನೋಡಿ, "ಇದು ಬಾಗಿಲಲ್ಲಿ ಹಿಡಿಯಲ್ಲ ಸಾರ್. ಕೊಯ್ದೇ ತೆಗೀಬೇಕು," ಎಂದು ಟೇಪನ್ನು ಸುತ್ತಿ ಅವಳ ಕೈಗೆ ಕೊಟ್ಟ.

ಅವಳ ಕೈಯಲ್ಲಿ ಟ್ರೇ ಇತ್ತು, ಮುಖದಲ್ಲಿ ಅತಿಥಿಗಳಿಗೆಂದು ತಂದುಕೊಂಡ ನಗು ಇನ್ನೂ ಉಳಿದಿತ್ತು. ಓನರು ಸಂಕೋಚದಿಂದ, "ನಿಮ್ಮ ಯಜಮಾನ್ರು ಹೇಳಿದ್ರಲ್ಲಮ್ಮ... ನಿಮ್ಮನ್ನ ಕೇಳಿಯೇ ಹೇಳ್ತಿದ್ದೀನಿ ಅಂದ್ರು," ಎಂದ. ಅವರು ಹೋದ ಮೇಲೆ ಕಪ್ಪುಗಳನ್ನು ತೊಳೆದಿಟ್ಟಳು. ಗಂಡನಿಗೆ ಫೋನು ಮಾಡಿದರೆ ಅದು ಆಫ್ ಆಗಿತ್ತು. ಆ ದಿನ ಎರಡು ಅಂಗಿಗೆ ತೋಳು ಅದಲುಬದಲು ಹೊಲಿದು, ಮತ್ತೆ ಬಿಚ್ಚಿದಳು. ತನ್ನ ಮನೆಯಿಂದ ತನ್ನನ್ನು ಎಬ್ಬಿಸಲು ತಾನೇ ಅಳತೆ ಟೇಪು ಕೊಟ್ಟೆನಲ್ಲ ಎಂಬುದು ಅವಳಿಗೆ ಎಲ್ಲಕ್ಕಿಂತ ಹೆಚ್ಚು ಚುಚ್ಚಿತು.

ಭಾನುವಾರ ಗಂಡ ಬಂದ. ಗಡಿಯಾರದವನ ಹಾಗೆ ಒಂದು ಕಣ್ಣು ಕಿರಿದು ಮಾಡಿಕೊಂಡೇ ಬಂದ. ಎಲ್ಲರೂ ಊಟಕ್ಕೆ ಕೂತಾಗ ಅವಳು ಅವನ ತಟ್ಟೆಗೆ ಮೊಟ್ಟೆ ಹಾಕಿ ಕೇಳಿದಳು.

"ರೀ, ಮನೆ ಬಿಡ್ತೀವಿ ಅಂತ ಓನರಿಗೆ ಹೇಳಿದ್ರಾ?"

"ಹೇಳಿದೆ. ನೀನು ಒಪ್ಪಿದ್ಯಲ್ಲ, ಅದಕ್ಕೇ ಹೇಳಿದೆ."

"ನಾನು ಯಾವಾಗ ಒಪ್ಪಿದೆ?"

"ಇಲ್ಲೇ, ಅಡುಗೆಮನೇಲಿ. ಹಾಲು ಉಕ್ಕಿತಲ್ಲ, ಅವತ್ತು. 'ನಿಮ್ಮ ಇಷ್ಟವೇ ನನ್ನ ಇಷ್ಟ' ಅಂದೆ."

ಟೈಲರಮ್ಮ ಸೌಟನ್ನು ಕೆಳಗಿಟ್ಟಳು. "ಅದು ಗಡಿಯಾರದವನ ಮಾತಲ್ವಾ?"

"ಯಾವ ಗಡಿಯಾರದವನು? ಅದು ನಾನು ಹೇಳಿದ್ದು ಕಣೇ!"

"ಹಾಳೆಯಲ್ಲಿ ಹುಡುಕಿದೆ, ಇರಲಿಲ್ಲ. ಸಿನಿಮಾದವರು ಸೇರಿಸಿದ್ದಾರೆ ಅಂದ್ಕೊಂಡೆ."

"ನಾನೂ ಹಾಗೇ ಅಂದ್ಕೊಂಡೆ," ಎಂದರು ಅತ್ತೆ. "ಡೈಲಾಗ್ ಚೆನ್ನಾಗಿದೆ ಅಂತ ಬೇರೆ ಹೊಗಳಿದೆನಲ್ಲೋ."

"ನನ್ನನ್ನಂತೂ ಯಾರೂ ಕೇಳಲೇ ಇಲ್ಲ," ಎಂದಳು ಮಗಳು. "ಡೈಲಾಗಲ್ಲೂ ಕೇಳಲಿಲ್ಲ. ನನ್ನ ಕಾಲೇಜು ಏನಾಗಬೇಕಿತ್ತಪ್ಪಾ?"

"ಎಲ್ಲರೂ ಒಟ್ಟಿಗೆ ಬೀಳಬೇಡಿ ನನ್ನ ಮೇಲೆ!" ಅವನು ತಟ್ಟೆ ದೂರ ತಳ್ಳಿದ. "ಯಾರಿಗೋಸ್ಕರ ಮಾಡಿದ್ದು ನಾನು? ನಿನ್ನ ಬೆರಳು ನೋಡ್ಕೋ, ಕತ್ತರಿ ಹಿಡಿದು ಹಿಡಿದು ಸೊಟ್ಟಗಾಗಿದೆ. ಇನ್ನು ಸಾಕು, ಆರಾಮಾಗಿರು ಅಂದದ್ದು ತಪ್ಪಾ?"

"ಸಾಕೋ ಬೇಡವೋ ನನ್ನ ಬೆರಳು ಹೇಳಬೇಕು ರೀ."

"ಸರಿ, ಅಂಗಡಿ ಮಾತು ಬಿಡು. ಇಷ್ಟು ವರ್ಷ ಜೊತೇಲಿದ್ದು, ನನ್ನ ದನಿ ಯಾವುದು, ಪಾತ್ರದ ದನಿ ಯಾವುದು ಅಂತ ನಿನಗೆ ಗೊತ್ತಾಗಲಿಲ್ವಾ?"

ಟೈಲರಮ್ಮ ಯೋಚಿಸಿದಳು. ಕೊಂಕು ಮಾತಾಡುವುದು ಅವಳ ಸ್ವಭಾವವಲ್ಲ. ಕೇಳಿದ್ದಕ್ಕೆ ಸರಿಯಾದ ಉತ್ತರ ಕೊಡಬೇಕೆಂದೇ ಯೋಚಿಸಿದಳು. "ನಿಮ್ಮ ದನಿ ಅಂತ ಬೇರೆ ಇದ್ಯಾ?" ಎಂದಳು. "ನಾನು ಕೇಳಿಲ್ಲ. ಕೇಳಿದ್ರೂ ನೆನಪಿಲ್ಲ."

ಅವನ ಕಿರಿದು ಮಾಡಿಕೊಂಡಿದ್ದ ಕಣ್ಣು ತಾನಾಗಿ ಸರಿಯಾಯಿತು. ಅತ್ತೆ ತಟ್ಟೆಯನ್ನು ಮತ್ತೆ ಅವನ ಮುಂದೆ ತಳ್ಳಿ, "ತಿನ್ನು, ಆರಿಹೋಗುತ್ತೆ," ಎಂದರು. ಅವನು ತಿಂದ.

ಮರುದಿನ ಅವನು ಶೂಟಿಂಗಿಗೆ ಹೋಗಲಿಲ್ಲ. ಬೆಳಗ್ಗೆಯಿಂದ ಅಂಗಡಿಯ ಬಾಗಿಲಲ್ಲಿ ಸುಳಿದಾಡಿದ. ಗಿರಾಕಿಗಳು ಖಾಲಿಯಾದಾಗ ಒಳಗೆ ಬಂದು, ಇಸ್ತ್ರಿ ಮಾಡುತ್ತಿದ್ದ ಅವಳ ಎದುರಿಗೆ ನಿಂತ.

"ತಪ್ಪಾಯ್ತು. ನಿನ್ನ ಕಣ್ಣಲ್ಲಿ ನಾನು ಇವತ್ತು ತುಂಬಾ ಸಣ್ಣವನಾಗಿಬಿಟ್ಟೆ."

"ಅದು ನ್ಯಾಯಾಧೀಶನ ನಾಟಕದ್ದು, ಎರಡನೇ ಅಂಕ," ಎಂದಳು ಟೈಲರಮ್ಮ ಕಾಲರಿನ ಮೇಲೆ ಇಸ್ತ್ರಿ ಒತ್ತುತ್ತ. "ಈಗ ನಾನು 'ನೀವು ಸಣ್ಣವರಾಗಲಿಲ್ಲ, ನನ್ನ ಕಣ್ಣು ಮಂಜಾಗಿದೆ' ಅನ್ನಬೇಕು."

ಅವನು ತಬ್ಬಿಬ್ಬಾದ. ಮತ್ತೆ, "ನಿನ್ನ ಕೈ ಹಿಡಿದ ದಿನದಿಂದ ನಿನಗೆ ನಾನು ಕೊಟ್ಟಿದ್ದಾದರೂ ಏನು..." ಎಂದು ಶುರುಮಾಡಿದ.

"ಪೋಸ್ಟ್‌ಮ್ಯಾನಿಂದು. ಅದರಲ್ಲಿ ಇಲ್ಲಿ ಮಂಡಿ ಊರ್ತಿದ್ರಿ."

ಅವನ ಮಂಡಿ ಆಗಲೇ ಅರ್ಧ ಬಗ್ಗಿತ್ತು. ನೆಟ್ಟಗೆ ನಿಂತ. ಮುಖ ನೋಡಿದರೆ ಅವನು ನಾಟಕವಾಡುತ್ತಿಲ್ಲವೆಂದು ಅವಳಿಗೂ ತಿಳಿಯುತ್ತಿತ್ತು. ಪಾಪ, ಮನಸ್ಸಿನಲ್ಲಿದ್ದದ್ದನ್ನು ಹೇಳಲು ಬಾಯಿ ತೆರೆದರೆ ಬೇರೆಯವರು ಬರೆದ ಮಾತೇ ಮೊದಲು ಹೊರಗೆ ಬೀಳುತ್ತಿತ್ತು. ಆ ಮಾತುಗಳನ್ನೆಲ್ಲ ಅವನ ಬಾಯಿಗೆ ತುರುಕಿದವಳು ತಾನೇ ಅಲ್ಲವೇ ಎಂದು ಅವಳಿಗೆ ಅನ್ನಿಸಿ, ಕೋಪ ಅರ್ಧ ಇಳಿದು ಬರೀ ಆಯಾಸ ಉಳಿಯಿತು.

"ಏನು ಹೇಳಬೇಕೋ ನನಗೆ ಗೊತ್ತಾಗ್ತಿಲ್ಲ," ಎಂದ ಅವನು ಕೊನೆಗೆ.

ಅವಳು ಇಸ್ತ್ರಿ ನಿಲ್ಲಿಸಿ ನೆನಪು ಮಾಡಿಕೊಂಡಳು. "ಇದು ಯಾವುದರಲ್ಲೂ ಇರಲಿಲ್ಲ. ಸರಿ, ನನಗೆ ಏನೂ ಹೇಳಬೇಡಿ. ಓನರ್ ಹತ್ರ ಹೋಗಿ, ಮನೆ ಬಿಡಲ್ಲ ಅಂತ ಹೇಳಿ ಬನ್ನಿ. ಅಷ್ಟು ಸಾಕು."

ಅವನು ಕೂಡಲೇ ಹೋದ. ಸ್ವಲ್ಪ ಹೊತ್ತಿಗೆಲ್ಲ ಜೋಲುಮುಖ ಹಾಕಿಕೊಂಡು ವಾಪಸ್ಸು ಬಂದ.

"ಏನಂದ?" ಎಂದರು ಅತ್ತೆ.

"ಕೈ ಮುಗಿದು ಕೇಳಿಕೊಂಡೆ ಅಮ್ಮ. ತಪ್ಪು ತಿಳುವಳಿಕೆ ಆಗಿದೆ, ಆ ಅಂಗಡಿ ನನ್ನ ಹೆಂಡ್ತಿ ಪ್ರಾಣ ಅಂದೆ. ಕಣ್ಣಲ್ಲಿ ನೀರೂ ಬಂತು. ಅವನು 'ಒಂದು ನಿಮಿಷ, ಒಂದು ನಿಮಿಷ' ಅಂತ ಒಳಗೋಡಿ ಹೆಂಡ್ತಿ ಮಕ್ಕಳನ್ನೆಲ್ಲ ಕರ್ಕೊಂಡು ಬಂದ. 'ಇನ್ನೊಂದ್ಸಲ ಮಾಡಿ ಸ್ವಾಮಿ, ಇವರು ನೋಡಲಿಲ್ಲ' ಅಂದ."

"ಮಾಡಿದ್ಯಾ?"

"ಮಾಡಿದೆ. ಚಪ್ಪಾಳೆ ತಟ್ಟಿದ್ರು. ಡೆಂಟಿಸ್ಟಿಗೆ ಮಾತು ಕೊಟ್ಟಾಗಿದೆ, ಏನೂ ಮಾಡಕ್ಕಾಗಲ್ಲ ಅಂದ."

ಅತ್ತೆ ನಕ್ಕರು. ಬಟಾಣಿಯ ಬುಟ್ಟಿ ತೊಡೆಯಿಂದ ಜಾರುವಷ್ಟು ನಕ್ಕರು. ಆಮೇಲೆ ಮಗನ ಮುಖ ನೋಡಿ ನಗು ನಿಲ್ಲಿಸಿ, ಸೆರಗಿನಿಂದ ಕಣ್ಣೊರೆಸಿಕೊಂಡರು. "ನಾಲ್ಕು ಜನ ಮೆಚ್ಚೋ ಹಾಗೆ ಆಗಬೇಕು ಅಂತಿದ್ಯಲ್ಲೋ ಚಿಕ್ಕಂದಿನಲ್ಲಿ. ಆಗಿದ್ದೀಯ, ತಗೋ," ಎಂದರು.

ಟೈಲರಮ್ಮ ಇಸ್ತ್ರಿಯ ಪ್ಲಗ್ಗು ಕಿತ್ತಳು. ಕುತ್ತಿಗೆಯಲ್ಲಿ ಟೇಪು ನೇತಾಡುತ್ತಿದ್ದಂತೆಯೇ ಚಪ್ಪಲಿ ಮೆಟ್ಟಿ ಬೀದಿಯ ಕೊನೆಗೆ ನಡೆದಳು. ಓನರು ಇನ್ನೂ ವರಾಂಡದಲ್ಲೇ ಇದ್ದ, ನೋಡಿದ ಅಭಿನಯವನ್ನು ಪಕ್ಕದ ಮನೆಯವನಿಗೆ ವರ್ಣಿಸುತ್ತಿದ್ದ. ಅವಳು ಮೆಟ್ಟಿಲ ಕೆಳಗೇ ನಿಂತು ಹೇಳಿದಳು.

"ನಾವು ಮನೆ ಬಿಡಲ್ಲ."

"ಅಲ್ಲಮ್ಮ, ನಿಮ್ಮ ಯಜಮಾನ್ರೇ ಅವತ್ತು..."

"ಅವರಿಗೆ ತಪ್ಪು ತಿಳೀತು. ನನಗೂ ತಿಳೀತು. ಈಗ ನಾನು ಹೇಳ್ತಿದ್ದೀನಿ. ಬಿಡಲ್ಲ."

ದನಿಯಲ್ಲಿ ಕೋಪವಿಲ್ಲ, ಬೇಡಿಕೆಯಿಲ್ಲ, ಬಸ್ಸು ಇಷ್ಟು ಹೊತ್ತಿಗೆ ಹೊರಡುತ್ತದೆ ಎಂದ ಹಾಗೆ. ಅಂಥ ದನಿಗೆ ಚಪ್ಪಾಳೆ ತಟ್ಟಲು ಬರುವುದಿಲ್ಲ. ಓನರು ತಲೆ ಕೆರೆದುಕೊಂಡ.

"ಮತ್ತೆ, ನಿಮ್ಮ ಮಗಳ ಮದುವೆ ಬಟ್ಟೆ ಕತ್ತರಿಸಿ ಟೇಬಲ್ ಮೇಲೆ ಹರಡಿಟ್ಟಿದ್ದೀನಿ," ಎಂದಳು ಅವಳು. "ಟೇಬಲ್ ಕೊಯ್ದ್ರೆ ಅದನ್ನ ಹೊಲಿಯಕ್ಕಾಗಲ್ಲ. ಕತ್ತರಿಸಿದ ಬಟ್ಟೇನ ಬೇರೆ ಯಾರೂ ಮುಟ್ಟಲ್ಲ."

ಅವಳು ಹೆದರಿಸಲು ಹೇಳಿದ್ದಲ್ಲ. ಇದ್ದದ್ದನ್ನು ಇದ್ದ ಹಾಗೆ ಹೇಳಿದ್ದಳು. ಆದರೆ ಒಳಗಿನಿಂದ ಓನರಿನ ಹೆಂಡತಿ ದಡದಡ ಬಂದಳು. "ಏನ್ರೀ ಇದು? ಮದುವೆ ಮುಂದಿಟ್ಟುಕೊಂಡು ಟೈಲರ್‌ನ ಎಬ್ಬಿಸ್ತೀರಾ? ಆ ಹಲ್ಲಿನವನಿಗೆ ಬೇರೆ ಬೀದಿ ಇಲ್ವಾ?" ಎಂದು ಅವಳು ಶುರುಮಾಡಿದ ಮೇಲೆ ಟೈಲರಮ್ಮನಿಗೆ ಅಲ್ಲಿ ಕೆಲಸವಿರಲಿಲ್ಲ. ಹಲ್ಲಿನವನಿಗೆ ಬೇರೆ ಬೀದಿ ಸಿಕ್ಕಿತು.

ಟೇಬಲ್ ಉಳಿಯಿತು. ಗಂಡ ಮಾತ್ರ ಉಳಿಯುವ ಹಾಗಿರಲಿಲ್ಲ. ಬೆನ್ನು ಸಾಕು ಅನ್ನುತ್ತಿತ್ತು, ಪಾತ್ರಗಳು ಇನ್ನೂ ಬೇಕು ಅನ್ನುತ್ತಿದ್ದವು. ಅವನು ಒಬ್ಬನೇ ಆ ದೊಡ್ಡ ಊರಿನ ಮನೆಗೆ ಹೋಗುವುದು, ಬಿಡುವಾದಾಗ ಬಂದು ಹೋಗುವುದು ಎಂದಾಯಿತು. ಹೊರಡುವ ದಿನ ಟೈಲರಮ್ಮ ಅವನ ಅಂಗಿಗಳ ಗುಂಡಿಗಳನ್ನೆಲ್ಲ ಎಳೆದು ನೋಡಿ, ಸಡಿಲವಾಗಿದ್ದವನ್ನು ಬಿಗಿ ಮಾಡಿ ಪೆಟ್ಟಿಗೆಗೆ ತುಂಬಿದಳು. ಯಾರೂ ಯಾರ ಮೇಲೂ ಕೂಗಲಿಲ್ಲ. ಮಗಳು ಕಾರಿನವರೆಗೆ ಪೆಟ್ಟಿಗೆ ಹೊತ್ತು ಕೊಟ್ಟು, "ಅಪ್ಪಾ, ಊಟ ಸರಿಯಾಗಿ ಮಾಡು," ಎಂದಳು. ಅವನು ತಲೆಯಾಡಿಸಿದ.

ಗಡಿಯಾರದವನ ಸಿನಿಮಾ ಬಂತು. ಊರಿಗೆ ಊರೇ ನೋಡಿತು. ಈತನಿಗೆ ಬಾರದ ದನಿಯೇ ಇಲ್ಲ ಎಂದು ಪೇಪರಿನಲ್ಲಿ ಬರೆದಿದ್ದನ್ನು ಮಗಳು ಗಟ್ಟಿಯಾಗಿ ಓದಿ ಅಜ್ಜಿಗೆ ಹೇಳಿದಳು. "ಗೊತ್ತು ಬಿಡೇ," ಎಂದರು ಅಜ್ಜಿ. ಸಿನಿಮಾದಲ್ಲಿ ಗಡಿಯಾರದವನ ಹೆಂಡತಿ ಕೊನೆಯವರೆಗೂ ಯಾವುದಕ್ಕೂ ಒಪ್ಪಲಿಲ್ಲ. ಟೈಲರಮ್ಮ ಅದನ್ನು ನೋಡಿ, ಅವಳೇ ವಾಸಿ ಎಂದುಕೊಂಡಳು.

ಸಿನಿಮಾ ಕಂಪನಿಯವರು ಅವನಿಗೆ ಎದುರುಮಾತು ಓದಲೆಂದು ಒಬ್ಬಳನ್ನು ಕೊಟ್ಟಿದ್ದರು. ಅವಳಿಗೆ ನಟಿಯಾಗುವ ಆಸೆ, ಒಂದೊಂದು ಮಾತಿಗೂ ಬೊಗಸೆಗಟ್ಟಲೆ ಭಾವ ಹಾಕುವಳು. ಅವನಿಗೆ ಒಂದು ಸಾಲೂ ಹತ್ತಲಿಲ್ಲ. ಹಾಗಾಗಿ ಸ್ಕ್ರಿಪ್ಟಿನ ಪ್ರತಿ ಮನೆಗೆ ಬರತೊಡಗಿತು, ಸಂಜೆ ಫೋನು. ಟೈಲರಮ್ಮ ಫೋನನ್ನು ಸಕ್ಕರೆ ಡಬ್ಬಕ್ಕೆ ಒರಗಿಸಿ, ಪಕ್ಕದಲ್ಲಿ ಹಾಳೆಯಿಟ್ಟು, ತರಕಾರಿ ಹೆಚ್ಚುತ್ತ ಓದುವಳು. "ನಾಲ್ಕನೇ ಪುಟ," ಎನ್ನುವನು ಅವನು. ಅವಳು ನಾಲ್ಕನೇ ಪುಟ ಓದುವಳು. ಮುಗಿದ ಮೇಲೆ, "ಸರಿ, ಇಡ್ಲಾ?" ಎನ್ನುವನು. "ಇಡಿ," ಎನ್ನುವಳು. ಬೇರೆ ಮಾತು ಇರುತ್ತಿರಲಿಲ್ಲ. ಬೇರೆ ಮಾತು ಬಂದರೆ ಅದನ್ನು ಯಾರದೆಂದು ತಿಳಿಯಬೇಕೋ ಎಂಬ ಹಿಂಜರಿಕೆ ಇಬ್ಬರಿಗೂ ಇತ್ತು. ಫೋನಿಟ್ಟ ಮೇಲೆ ಅತ್ತೆ ವಾಡಿಕೆಯಂತೆ, "ಇವತ್ತು ಯಾರು ಬಂದಿದ್ರು?" ಎಂದು ಕೇಳುವರು. "ಒಬ್ಬ ಮಂತ್ರಿ," ಎಂದೋ, "ಒಬ್ಬ ಹುಚ್ಚ," ಎಂದೋ ಸೊಸೆ ಹೇಳುವಳು.

ಒಂದು ಸಂಜೆ ಫೋನು ಬಂತು. ಆ ದಿನ ಅವಳು ಬೆಳಗಿನಿಂದ ಮಿಷನ್ ಬಿಟ್ಟು ಎದ್ದಿರಲಿಲ್ಲ. ಕಣ್ಣು ಉರಿಯುತ್ತಿತ್ತು. ಒಲೆಯ ಮೇಲೆ ಬಟಾಣಿ ಬೇಯುತ್ತಿತ್ತು. ಒದ್ದೆ ಕೈಯನ್ನು ಬಟ್ಟೆಗೆ ಒರೆಸಿಕೊಂಡು, ಫೋನನ್ನು ಡಬ್ಬಕ್ಕೆ ಒರಗಿಸಿ, ಹಾಳೆ ಎಳೆದುಕೊಂಡಳು.

"ಊಟ ಆಯ್ತಾ?" ಎಂದ ಅವನು.

ಅವಳು ಮೊದಲ ಪುಟ ನೋಡಿದಳು, ಎರಡನೆಯದು ನೋಡಿದಳು. "ಯಾವ ಪುಟ?" ಎಂದಳು.

ಸ್ಟೂಲಿನ ಮೇಲಿದ್ದ ಅತ್ತೆ ಬಟಾಣಿ ಸುಲಿಯುವುದನ್ನು ನಿಲ್ಲಿಸಿದರು.

"ಪುಟ ಇಲ್ಲ," ಎಂದ. "ಸುಮ್ನೆ ಕೇಳಿದೆ."

ದನಿಯಲ್ಲಿ ಏನೂ ಇರಲಿಲ್ಲ. ಏರಿಳಿತವಿಲ್ಲ, ಗೋಡೆ ಮಾತಾಡಿದ ಹಾಗಿತ್ತು. ದಣಿದಿತ್ತು. ಟೈಲರಮ್ಮ ಇಂಥ ದನಿಯನ್ನು ಅವನ ಬಾಯಲ್ಲಿ ಕೇಳಿದ್ದಿಲ್ಲ, ಆದರೂ ಇದು ಯಾರದೆಂದು ಅವಳಿಗೆ ಕೇಳಬೇಕಾಗಲಿಲ್ಲ. ಒಲೆ ಸಣ್ಣ ಮಾಡಿದಳು. ಹಾಳೆಯನ್ನು ಮಗುಚಿ ಇಟ್ಟಳು.

"ಇನ್ನೂ ಇಲ್ಲ," ಎಂದಳು. "ನಿಮ್ಮದು?"

ಅಷ್ಟೇ ಹೇಳಿದ್ದು. ಆದರೆ ಎರಡು ಮಾತೂ ಭಾವದಲ್ಲಿ ನೆನೆದುಹೋಗಿದ್ದವು. ಅವನು ಈಗ, ಮೊದಲಿನ ಹಾಗೆ, ಬೇಡ ಅನ್ನುತ್ತಾನೆಂದು ಅವಳು ಕಾದಳು. ಅವನು ಬೇಡ ಅನ್ನಲಿಲ್ಲ.